ಕಣ್ಣೊರೆಸುವ ಕೆಲಸ

ನನ್ನ ಕೆಲಸ ಕಣ್ಣೊರೆಸೋದು.
ಅಳೋರ ಕಣ್ಣಲ್ಲ, ಕಂಬದ ಮೇಲಿನ ಕಣ್ಣು.
ರಸೆಲ್ ಮಾರ್ಕೆಟ್ಟಿಂದ ಮಿನ್ಸ್ಕ್ ಸ್ಕ್ವೇರ್ ತನಕ
ನೂರಾ ಹನ್ನೊಂದು ಕ್ಯಾಮೆರಾ, ಒಂದು ಏಣಿ,
ಅರ್ಧ ಲೀಟರ್ ಸ್ಪಿರಿಟ್ಟು, ಹತ್ತಿಬಟ್ಟೆ.
ಗುತ್ತಿಗೆ. ಭಾನುವಾರ ರಜೆ,
ಸಂಬಳವಿಲ್ಲದ ರಜೆ.

ರಾತ್ರಿ ಆ ಕಣ್ಣಿನ ಸುತ್ತ ಮಂಕು ಕೆಂಪು ಬೆಳಕು.
ಬೆಳಕಿಗೆ ಹುಳ ಬರುತ್ತೆ ಅಂತ
ಜೇಡಕ್ಕೆ ಯಾರೂ ಹೇಳಿಕೊಡಬೇಕಿಲ್ಲ.
ಬೆಳಗಾಗೋದರೊಳಗೆ ಇಡೀ ಕಮರ್ಷಿಯಲ್ ಸ್ಟ್ರೀಟಿಗೆ
ಒಂದು ಬಲೆ ಹೊದಿಸಿ ಮೂಲೆಯಲ್ಲಿ ಕೂತಿರುತ್ತೆ.
ಕಂಟ್ರೋಲ್ ರೂಮಿಂದ ನವನೀತನ ಫೋನು:
"ಏಳುಮಲೆಯಣ್ಣಾ, ಅರವತ್ಮೂರು ಮಂಜು ಮಂಜು."
ಹತ್ತುತೀನಿ. ಒರೆಸುತೀನಿ.

ಒರೆಸಿದ ಮೇಲೆ ಪರದೆಯಲ್ಲಿ
ಪ್ರತಿ ತಲೆಗೂ ಒಂದು ಹಸಿರು ಚೌಕ ಕೂರುತ್ತಂತೆ,
ಕಟೌಟಿನ ನಟನ ತಲೆಗೂ.
ಗುರುತು ಸಿಕ್ಕಿದರೆ ಚೌಕ ಕೆಂಪಾಗುತ್ತಂತೆ.

ಮೊಬೈಲ್ ಕವರ್ ಮಾರೋ ಇಲಿಯಾಸನಿಗೆ ಒಮ್ಮೆ ಕೆಂಪಾಯ್ತು.
ಯಾವನೋ ಸರಗಳ್ಳನಿಗೂ ಇವನಿಗೂ
ನೂರಕ್ಕೆ ಎಂಬತ್ತೊಂದು ಹೋಲಿಕೆ.
ಎರಡು ರಾತ್ರಿ ಕೂರಿಸಿ, ಟೀ ಕುಡಿಸಿ, ಬಿಟ್ಟರು.
ಆಮೇಲೆ ಅವನು ಗಡ್ಡ ತೆಗೆಸಿದ, ಮತ್ತೆ ಬಿಟ್ಟ,
ಟೋಪಿ ಹಾಕಿದ, ತೆಗೆದ,
ತನ್ನ ಮುಖ ಯಾರದೋ ಬಾಡಿಗೆ ಮನೆ ಅನ್ನೋ ಹಾಗೆ.
ಈಗ ನನ್ನ ಏಣಿ ಕಂಡರೆ ಬುಟ್ಟಿ ಎತ್ತಿಕೊಂಡು
ರಸ್ತೆಯ ಆಚೆ ಬದಿಗೆ ಹೋಗುತಾನೆ.
ಮೊದಲು ಏಣಿ ಹಿಡಿದುಕೊಳ್ಳುತ್ತಿದ್ದವನು ಅವನೇ.

ಅಂಜಲಮ್ಮನಿಗೆ ಆವತ್ತು ಬೆಳಗಿನ ಜಾವ ಉಸಿರು ಸಿಗಲಿಲ್ಲ.
ಆಟೋ ಇಲ್ಲ. ಆ್ಯಂಬುಲೆನ್ಸ್ ಲೈನಿನಲ್ಲಿ ಬರೀ ಸಂಗೀತ.
ಹಳೇ ಸ್ಕೂಟರಿನ ಮೇಲೆ ಕೂರಿಸಿ,
ಅವಳ ಸೆರಗಿಂದಲೇ ಅವಳನ್ನ ನನ್ನ ಸೊಂಟಕ್ಕೆ ಕಟ್ಟಿ,
ಬೌರಿಂಗ್ ಆಸ್ಪತ್ರೆಗೆ ಹೊರಟೆ.
ಸಿಗ್ನಲ್ ಕೆಂಪಿತ್ತೋ ಹಸಿರಿತ್ತೋ.
ರಸ್ತೆಯಲ್ಲಿ ಯಾರೂ ಇರಲಿಲ್ಲ
ಅಂದುಕೊಂಡಿದ್ದೆ.

ಹದಿನಾರನೇ ದಿನದ ಕಾರ್ಯ. ಎಲೆ ಎತ್ತುವಾಗ
ಜೇಬಿನಲ್ಲಿ ಫೋನು ನಡುಗಿತು.
ಸಿಗ್ನಲ್ ಉಲ್ಲಂಘನೆ.
ಸವಾರ: ಹೆಲ್ಮೆಟ್ ಇಲ್ಲ.
ಹಿಂಬದಿ ಸವಾರ: ಹೆಲ್ಮೆಟ್ ಇಲ್ಲ.
ನಾಲ್ಕು ಗಂಟೆ ಐವತ್ತೆರಡು ನಿಮಿಷ ಏಳು ಸೆಕೆಂಡು.
ಕೆಳಗೆ ಫೋಟೋ.

ಅವಳ ಕೆನ್ನೆ ನನ್ನ ಬೆನ್ನ ಮೇಲಿದೆ.
ಕಣ್ಣು ಮುಚ್ಚಿದ್ದಾಳೆ. ಒಂದು ಕೈ
ನನ್ನ ಅಂಗಿಯ ಜೇಬನ್ನ ಹಿಡಿದುಕೊಂಡಿದೆ.
ಇಪ್ಪತ್ತಾರು ವರ್ಷ
ಬೀದಿಯಲ್ಲಿ ಎರಡು ಮಾರು ಹಿಂದೆಯೇ ನಡೆದವಳು.
ಮದುವೆ ಫೋಟೋದಲ್ಲೂ ನಮ್ಮ ನಡುವೆ
ಒಂದು ಸ್ಟೂಲ್ ಹಿಡಿಯೋಷ್ಟು ಜಾಗ.
ಇಬ್ಬರಿಗೇ ಗೊತ್ತಿರಬೇಕಾದ್ದು
ಒಂದು ಕಂಬಕ್ಕೆ ಗೊತ್ತಾಗಿದೆ,
ಅದನ್ನದು ತಪ್ಪು ಅಂತ ಬರೆದುಕೊಂಡಿದೆ.

ಇಷ್ಟು ಸ್ಪಷ್ಟವಾಗಿ ಬರಬೇಕಾದರೆ
ಹಿಂದಿನ ದಿನ ಯಾರೋ ಚೆನ್ನಾಗಿ ಒರೆಸಿರಬೇಕು.

ಮುಂದಿನದು ಬೇಕಿತ್ತು ನನಗೆ.
ಸಿಗ್ನಲ್ ದಾಟಿದ ಮೇಲೆ ತಲೆ ಎತ್ತಿದಳೇ, ಏನಾದರೂ ಅಂದಳೇ.
ನವನೀತನನ್ನ ಕೇಳೋ ಧೈರ್ಯ ಬರೋಷ್ಟರಲ್ಲಿ
ಮೂವತ್ತು ದಿನ ದಾಟಿತ್ತು.
"ತಾನೇ ಅಳಿಸಿಹೋಗುತ್ತಣ್ಣಾ," ಅಂದ, "ದಂಡದ್ದು ಮಾತ್ರ ಉಳಿಯೋದು."

ದಂಡ ಇನ್ನೂ ಕಟ್ಟಿಲ್ಲ.
ಕಟ್ಟಿದರೆ ಕೇಸು ಮುಗಿದು ಫೋಟೋನೂ ಹೋಗುತ್ತೆ
ಅಂತ ಯಾರೋ ಅಂದರು.
ತಂಗಿ ಮಗಳು ಅದನ್ನ ಪ್ರಿಂಟ್ ಹಾಕಿಸಿ ಕೊಟ್ಟಿದಾಳೆ,
ಗೋಡೆ ಮೇಲಿದೆ, ಸ್ಕೂಟರಿನ ನಂಬರ್ ಸಮೇತ,
ಹೂವಿನ ಕೆಳಗೆ.
ಆದರೂ ಕಟ್ಟಿಲ್ಲ.

ಇವತ್ತು ಆ ಮೂಲೆಯ ಕಂಬ.
ರಾತ್ರಿಯೆಲ್ಲ ನೇಯ್ದ ಬಲೆ, ಬಲೆಯಲ್ಲಿ ಮೂರು ಹನಿ.
ಬಟ್ಟೆ ಕೈಯಲ್ಲಿ ಹಿಡಿದು
ಅದರ ಕಣ್ಣಿಗೆ ಕಣ್ಣಿಟ್ಟು ನಿಂತೆ. ಎಷ್ಟು ಹೊತ್ತೋ.
ಕೆಳಗೆ ಇಲಿಯಾಸ್ ನೋಡುತಿದ್ದ, ರಸ್ತೆಯ ಆಚೆಯಿಂದ.

ಫೋನು ಬಂತು:
"ಅಣ್ಣಾ, ಮುಖ ತೆಗೀರಿ,
ಏನೂ ಕಾಣ್ತಾ ಇಲ್ಲ."